ಎರಡೂವರೆ ಕಮಾನು

"ಎರಡೂವರೆ," ಅಂದರು ನಾಗಭೂಷಣ್ ಸರ್. "ಎರಡೂವರೆ ಕಮಾನು ಇಟ್ಕೊ. ಉಳಿದದ್ದು ತೆಗಿ."

ಕೃತಿಕಾ ಮೇಜಿನ ಮೇಲಿದ್ದ ತನ್ನ ಪುಟ್ಟ ಸೇತುವೆಯನ್ನು ನೋಡಿದಳು, ಸರ್ ಮುಖವನ್ನೂ ನೋಡಿದಳು. ಸರ್ ತಮಾಷೆ ಮಾಡುತ್ತಿರಲಿಲ್ಲ. ಅವರು ತಮಾಷೆ ಮಾಡಿದ್ದನ್ನು ಐದನೇ ಕ್ಲಾಸಿನಲ್ಲಿ ಯಾರೂ ಇದುವರೆಗೆ ಕಂಡಿರಲಿಲ್ಲ.

"ಯಾಕ್ ಸರ್?"

"ರೂಲ್ ನಂಬರ್ ಏಳು." ಸರ್ ಮಾದರಿ ಸ್ಪರ್ಧೆಯ ಸುತ್ತೋಲೆ ಬಿಚ್ಚಿ ಓದಿದರು. "'ನಮ್ಮ ಜಿಲ್ಲೆ, ನಮ್ಮ ಹೆಮ್ಮೆ. ಜಿಲ್ಲೆಯ ಗಡಿಯೊಳಗಿನ ಮಾದರಿಗಳಿಗೆ ಮಾತ್ರ ಅವಕಾಶ.' ಹರಿಹರದ ಸೇತುವೆ ಈ ಕಡೆ ದಾವಣಗೆರೆ ಜಿಲ್ಲೆ, ಆ ಕಡೆ ಹಾವೇರಿ ಜಿಲ್ಲೆ. ಗಡಿ ಎಲ್ಲೈತೆ? ಹೊಳೆ ನಡುವೆ. ನಿಂದು ಐದು ಕಮಾನು. ಅರ್ಧ ಎಷ್ಟು?"

"ಎರಡೂವರೆ."

"ಗಣಿತ ಚೆನ್ನಾಗೈತೆ. ತೆಗಿ."

ಪಕ್ಕದ ಮೇಜಿನ ಹಮ್ಜಾ ಥರ್ಮಾಕೋಲಿನ ಬೆಣ್ಣೆ ದೋಸೆ ಮಾಡಿಕೊಂಡು ಬಂದಿದ್ದ. ಅವನಿಗೂ ಭಯವಾಯಿತು.

"ಸರ್, ನನ್ನ ಬೆಣ್ಣೆ ಹಾವೇರಿ ಕಡೆ ರಾಣೆಬೆನ್ನೂರಿಂದ ಬಂದಿದ್ರೆ? ಕೆರೆದು ತೆಗೀಬೇಕಾ?"

"ನಿನ್ನ ಬೆಣ್ಣೆ ಥರ್ಮಾಕೋಲು. ಬಾಯಿ ಮುಚ್ಚು."

ಕೃತಿಕಾಳ ಸೇತುವೆ ಥರ್ಮಾಕೋಲಿನದಲ್ಲ. ನಿಜವಾದ ಕಲ್ಲಿನದು. ಅವಳ ಅಜ್ಜ ಕಲ್ಲಪ್ಪ ಹರಿಹರದಲ್ಲಿ ಐವತ್ತು ವರ್ಷ ಗೌಂಡಿ ಕೆಲಸ ಮಾಡಿದವನು. ಒಂದು ತಿಂಗಳು ಕೂತು, ಬೆರಳುದ್ದದ ಕಲ್ಲುಗಳನ್ನು ಕೆತ್ತಿ ಕೊಟ್ಟಿದ್ದ. ನಿನ್ನೆ ಸಂಜೆ ದಾವಣಗೆರೆಯ ಈ ಪ್ರದರ್ಶನದ ಹಾಲ್‌ಗೆ ಬಂದು, ಮರದ ಅಚ್ಚಿನ ಮೇಲೆ ಕಲ್ಲು ಜೋಡಿಸುವುದನ್ನು ಹೇಳಿಕೊಟ್ಟಿದ್ದ. ಆಮೇಲೆ ಅಚ್ಚು ಎಳೆದು ಚೀಲಕ್ಕೆ ಹಾಕಿಕೊಂಡು ಊರಿಗೆ ಹೋಗಿದ್ದ.

"ಗೋಂದು ಹಾಕಾಣೇನು ಅಜ್ಜ?" ಎಂದು ಅವಳು ಕೇಳಿದ್ದಳು.

"ಬ್ಯಾಡ. ಗೋಂದು ಹಾಕಿದ್ರೆ ಕಲ್ಲಿಗೆ ಸೋಮಾರಿತನ ಬರ್ತತಿ. ಒಂದರ ಮೈಮ್ಯಾಲೆ ಒಂದು ಭಾರ ಹಾಕ್ಕೊಂಡು ನಿಲ್ಲಲಿ."

ಇವತ್ತು ಹನ್ನೊಂದರ ಬಸ್ಸಿಗೆ ಅಜ್ಜ ಮತ್ತೆ ಬರುತ್ತಿದ್ದ. ಜನರೆಲ್ಲ ಸೇತುವೆ ನೋಡುವುದನ್ನು ತಾನು ನೋಡಬೇಕು ಅಂತ. ಅವನು ಬರುವವರೆಗೆ ಅದು ನಿಂತಿದ್ದರೆ ಸಾಕಿತ್ತು ಕೃತಿಕಾಳಿಗೆ. ಬಹುಮಾನ ಬೇಕಾದರೆ ದೋಸೆಗೇ ಬರಲಿ.

"ಸರ್, ತೆಗೆದ್ರೆ ಬೀಳ್ತತಿ."

"ಅರ್ಧ ತೆಗೆದ್ರೆ ಅರ್ಧ ಬೀಳ್ತತಿ. ನಮಗೆ ಬೇಕಾಗಿದ್ದೂ ಅದೇ ಅಲ್ವಾ?"

ಸರ್ ಸ್ಕೇಲು ಹಿಡಿದು ಅಳೆದರು. ಗಡಿ ಸರಿಯಾಗಿ ಮೂರನೇ ಕಮಾನಿನ ನೆತ್ತಿಯ ಕಲ್ಲಿನ ಮೇಲೆ ಬಂತು. ಆ ಕಲ್ಲು ಯಾವ ಜಿಲ್ಲೆಗೆ ಸೇರಬೇಕು? ಸರ್ ಕನ್ನಡಕ ತೆಗೆದು ಒರೆಸಿಕೊಂಡರು. ಕೊನೆಗೆ ದೊಡ್ಡ ಮನಸ್ಸು ಮಾಡಿದರು.

"ಹೋಗ್ಲಿ, ಹಾವೇರಿಗೇ ಬಿಟ್ಕೊಡಾಣ," ಎಂದು ಅದನ್ನು ಕಿತ್ತರು.

ಮೂರನೆಯ ಕಮಾನು ಕುಸಿಯಿತು. ಅದಕ್ಕೆ ಒರಗಿದ್ದ ಎರಡನೆಯದೂ ನಾಲ್ಕನೆಯದೂ ಹೋದವು. ಕೊನೆಗೆ ಒಂದನೆಯದೂ ಐದನೆಯದೂ. ಹೊಳೆಯೆಂದು ಹಾಸಿದ್ದ ನೀಲಿ ಬಟ್ಟೆಯ ತುಂಬ ಕಲ್ಲು.

"ಐದೂ ಹೋದ್ವು ಸರ್," ಅಂದ ಹಮ್ಜಾ. "ನಮ್ಮ ಜಿಲ್ಲೇದೂ."

ಕೃತಿಕಾ ತಲೆ ಎತ್ತಿದಳು. ಬಾಗಿಲಲ್ಲಿ ಅಜ್ಜ ನಿಂತಿದ್ದ.

ಅಜ್ಜ ಬೈಯಲಿಲ್ಲ. ಹತ್ತಿರ ಬಂದು ಕಲ್ಲಿನ ರಾಶಿ ನೋಡಿದ.

"ಯಾವ ಕಲ್ಲು ತೆಗೆದ್ರಿ?"

ಸರ್ ಕೈ ಬಿಚ್ಚಿ ತೋರಿಸಿದರು. ರೂಲ್ ನಂಬರ್ ಏಳನ್ನೂ ಹೇಳಿದರು.

"ಹಳೇ ಕಲ್ಲಿನ ಸೇತುವೆ ಕಟ್ಟಿದಾಗ ಈ ದಂಡೆ ಮೈಸೂರು, ಆ ದಂಡೆ ಬಾಂಬೆ," ಅಂದ ಅಜ್ಜ. "ಎಲ್ಡು ಸರ್ಕಾರ ಇದ್ದಾಗ ನಿಂತದ್ದು, ಎಲ್ಡು ಜಿಲ್ಲೆಗೆ ಬಿತ್ತಲ್ರೀ ಸರ!"

ಸರ್ ಕಿವಿ ಕೆಂಪಾಯಿತು.

"ಅಚ್ಚು ತಂದೀಯೇನಜ್ಜ?" ಕೃತಿಕಾ ಕೇಳಿದಳು.

"ಮನ್ಯಾಗೈತೆ. ಐದು ಬ್ಯಾಡ, ಒಂದು ಕಟ್ಟಾಣ. ಕೈನೇ ಅಚ್ಚು. ನಾನು ಕಲ್ಲು ಇಡ್ತೀನಿ. ಈ ಕಡೆ ನೀನು ಹಿಡಿ. ಆ ಕಡೆ ಒಬ್ರು ಬೇಕು."

ಹಮ್ಜಾ ನೆಲದ ಮೇಲೆ ಕಲ್ಲು ಹುಡುಕುತ್ತಿದ್ದ. ಉಳಿದವರು ಸರ್ ಒಬ್ಬರೇ. ಅವರು ಸುತ್ತೋಲೆ ಮಡಿಚಿ ಜೇಬಿಗಿಟ್ಟು, ಮೇಜಿನ ಆಚೆ ಹೋಗಿ ಅಂಗೈ ಒಡ್ಡಿದರು.

"ಸರ್, ನೀವೀಗ ಹಾವೇರಿ ಜಿಲ್ಲೇಲಿ ಇದೀರ," ಅಂದ ಹಮ್ಜಾ.

ಅಜ್ಜ ಈ ಕಡೆಗೊಂದು, ಆ ಕಡೆಗೊಂದು ಕಲ್ಲು ಇಡುತ್ತಾ ಹೋದ. ಎರಡು ತೋಳುಗಳು ನಡುವಿಗೆ ಬಾಗಿ ಬಂದವು. ಅಷ್ಟರಲ್ಲಿ ತೀರ್ಪುಗಾರರಾದ ವಾಣಿ ಮೇಡಂ ಫೈಲು ಹಿಡಿದು ಬಂದೇಬಿಟ್ಟರು.

"ನಾಗಭೂಷಣ್ ಅವರೇ, ಎಲ್ಲ ರೂಲ್ ಪ್ರಕಾರ ಐತೆ ಅಂತ ಇಲ್ಲೊಂದು ಸೈನ್ ಹಾಕ್ರಿ."

"ಕೈ ಬಿಡಂಗಿಲ್ಲ ಮೇಡಂ."

"ಯಾಕ್ರೀ?"

"ನಾನು ಬಿಟ್ರೆ ಆ ಹುಡುಗಿ ಕಡೇದೂ ಬೀಳ್ತತಿ."

ಮೇಡಂ ಪೆನ್ನು ಹಿಡಿದುಕೊಂಡೇ ನಿಂತರು.

ಅಜ್ಜ ನೆತ್ತಿಯ ಕಲ್ಲನ್ನು ಒತ್ತಿ ಕೂರಿಸಿದ. ಆಗ ಕೃತಿಕಾಳ ಬೆರಳಿಗೆ ಕಲ್ಲುಗಳ ಒಳಗಿಂದ ಸಣ್ಣ ನಡುಕ ಬಂದು ತಾಗಿತು. ಅದು ಸರ್ ಕೈಯದು. ಅವಳ ಕೈಗಿಂತ ಹೆಚ್ಚು ನಡುಗುತ್ತಿತ್ತು. ಅವರ ಮೇಲಿದ್ದ ಸಿಟ್ಟನ್ನು ಹುಡುಕಿದಳು. ಇಷ್ಟು ಹೊತ್ತು ಇತ್ತು, ಈಗ ಸಿಗಲಿಲ್ಲ.

"ಬಿಡ್ರಿ," ಅಂದ ಅಜ್ಜ.

ಸರ್ ಬಿಡಲಿಲ್ಲ. "ಬೀಳಲ್ಲ ತಾನೇ?"

"ಒಟ್ಟಿಗೆ ಬಿಡಾಣ ಸರ್," ಅಂದಳು ಕೃತಿಕಾ. "ನಾನು ಮೂರು ಅಂದಾಗ."

ಸರ್ ಹೋಂವರ್ಕ್ ಮರೆತ ಹುಡುಗನಂತೆ ತಲೆಯಾಡಿಸಿದರು.

"ಒಂದು. ಎರಡು. ಮೂರು."

ನಾಲ್ಕು ಕೈಗಳು ಹಿಂದೆ ಸರಿದವು. ಕಮಾನು ಅಲ್ಲೇ ನಿಂತಿತು.

ವಾಣಿ ಮೇಡಂ ಫೈಲಿನಲ್ಲಿ ಏನೋ ಬರೆದುಕೊಂಡರು. ಕೃತಿಕಾ ಅತ್ತ ನೋಡಲಿಲ್ಲ. ಆಚೆ ದಂಡೆಯಲ್ಲಿ ಸರ್ ಇನ್ನೂ ಅಂಗೈ ಒಡ್ಡಿಕೊಂಡೇ ಇದ್ದರು, ಬಿದ್ದರೆ ಹಿಡಿಯೋಣ ಅಂತ.

ಅವಳೂ ಮತ್ತೆ ಅಂಗೈ ಒಡ್ಡಿ ಸ್ವಲ್ಪ ಹೊತ್ತು ಹಾಗೇ ನಿಂತಳು.