ಕೊಕ್ಕಿನ ಹಿಡಿಯ ಊರುಗೋಲು

ಮಂಗಳವಾರ ಬೆಳಗ್ಗೆ ಹತ್ತೂ ನಲವತ್ತಕ್ಕೆ ಠಾಣೆಗೆ ಬಂದ ದೂರಿನಲ್ಲಿ ಕಳುವಾದ ವಸ್ತು ಒಂದೇ: ಊರುಗೋಲು. ಹಿಡಿ ಹಕ್ಕಿಯ ಕೊಕ್ಕಿನಂತಿದೆ. ನಡುವೆ ಸೀಳಿದ ಕಡೆ ತಾಮ್ರದ ತಂತಿ ಸುತ್ತಲಾಗಿದೆ. ದೂರುದಾರ ಒಂದು ಟಿ.ವಿ. ಧಾರಾವಾಹಿಯ ಮ್ಯಾನೇಜರ್.

“ಕೋಲಿಗೂ ಎಫ್‌ಐಆರ್ ಬೇಕೇನ್ರೀ? ಇನ್ನೊಂದು ತನ್ನಿ,” ಎಂದರು ಇನ್‌ಸ್ಪೆಕ್ಟರ್.

“ಆಗಲ್ಲ ಸಾರ್. ನಮ್ಮ ಧಾರಾವಾಹಿಯ ಅಜ್ಜ ಮೆಟ್ಟಿಲು ಹತ್ತೋದನ್ನ ನಿನ್ನೆ ಶೂಟ್ ಮಾಡಿದ್ವಿ, ಕೈಯಲ್ಲಿ ಅದೇ ಕೋಲಿತ್ತು. ಇವತ್ತು ಕೊನೇ ಮೆಟ್ಟಿಲಲ್ಲಿ ಬಿದ್ದು ಸಾಯ್ಬೇಕು. ಮೂರು ವರ್ಷದಿಂದ ನೋಡ್ತಿರೋ ಜನಕ್ಕೆ ತಂತಿ ಎಷ್ಟು ಸುತ್ತಿದೆ ಅನ್ನೋದೂ ಗೊತ್ತು. ಬೇರೆ ಕೋಲು ಹಿಡಿಸಿದ್ರೆ ನಮ್ಮನ್ನ ಅಟ್ಟಾಡಿಸ್ತಾರೆ.”

ಬರೆಯುತ್ತಿದ್ದ ಹೆಡ್ ಕಾನ್‌ಸ್ಟೆಬಲ್‌ನ ಪೆನ್ನು ನಿಂತಿತು. “ಅಜ್ಜ ಸಾಯ್ತಾರಾ? ನಮ್ಮನೇಲಿ ಏನಂತ ಹೇಳ್ಲಿ!”

“ನೀವು ಮೊದ್ಲು ಬರೀರಿ,” ಎಂದರು ಇನ್‌ಸ್ಪೆಕ್ಟರ್.

ಹನ್ನೊಂದೂವರೆಗೆ ಸ್ಟುಡಿಯೋದಲ್ಲಿ ಸ್ಥಳ ಪಂಚನಾಮೆ ನಡೆಯಿತು. ಸಾಮಾನು ಕೋಣೆಯ ಬೀಗ ಮುರಿದಿರಲಿಲ್ಲ. ಅದರ ಕೀಲಿ ಬಾಗಿಲ ಪಕ್ಕದ ಮೊಳೆಯಲ್ಲೇ ನೇತಾಡುತ್ತಿತ್ತು.

ಅಜ್ಜನ ಪಾತ್ರಧಾರಿ ಅರ್ಧ ಗಡ್ಡ ಅಂಟಿಸಿಕೊಂಡು ಕನ್ನಡಿಯ ಮುಂದೆ ಕುಳಿತಿದ್ದರು. ವೈದ್ಯ, ನ್ಯಾಯಾಧೀಶ, ನಾಯಕನ ಅಪ್ಪ, ನಾಯಕಿಯ ಸೋದರಮಾವ ಎಂದು ಮೂವತ್ತೊಂದು ವರ್ಷ ಬಣ್ಣ ಹಚ್ಚಿದವರು. ಅವರ ಮುಖ ಗೊತ್ತಿಲ್ಲದ ಮನೆಯಿಲ್ಲ, ಹೆಸರು ಗೊತ್ತಿರುವ ಮನೆಯೂ ಇಲ್ಲ.

“ನಿನ್ನೆ ಎಷ್ಟು ಗಂಟೆಗೆ ಹೊರಟ್ರಿ?”

“ಐದೂವರೆಗೆ.”

“ಕೋಲು?”

“ಸಾಮಾನು ಕೋಣೇಲಿ ಇಟ್ಟೆ.”

“ಯಾರ ಮೇಲಾದ್ರೂ ಅನುಮಾನ?”

“ನಾನೂ ಅರವತ್ತು ಸಲ ಇನ್‌ಸ್ಪೆಕ್ಟರ್ ಆಗಿದೀನಿ ಸಾರ್. ಆ ಪ್ರಶ್ನೆ ಕೇಳೋ ಮುಂಚೆ ಒಂದು ಗಳಿಗೆ ತಡೀಬೇಕು.”

ಗೇಟಿನ ಕ್ಯಾಮೆರಾದಲ್ಲಿ ಸೋಮವಾರ ಸಂಜೆ ಆರೂ ಹತ್ತರ ಚಿತ್ರ ಸಿಕ್ಕಿತು. ಮಳೆಕೋಟು, ಟೋಪಿ, ಮುಖಕ್ಕೆ ಕರವಸ್ತ್ರ, ಕಂಕುಳಲ್ಲಿ ಉದ್ದನೆಯ ಗಂಟು. ಧಾರಾವಾಹಿಯ ಅಜ್ಜನ ಕುಂಟು ನಡಿಗೆ ಮಾತ್ರ ಇಲ್ಲ. ಗೇಟಿನ ಬಳಿ ನೆಲದ ಮೇಲೆ ಬಿಳಿ ಟೇಪಿನ ಗುರುತೊಂದಿತ್ತು, ನಟರು ಇಲ್ಲಿ ನಿಂತು ಮಾತಾಡಲಿ ಎಂದು ಅಂಟಿಸಿದ್ದು. ಓಡಿಹೋಗಬೇಕಾದ ಕಳ್ಳ ಅದರ ಮೇಲೆ ಎರಡೂ ಕಾಲು ಜೋಡಿಸಿ ನಿಂತ, ಗದ್ದವನ್ನು ದೀಪದ ಕಡೆ ಎತ್ತಿದ, ಒಂದು ಉಸಿರು ಎಳೆದುಕೊಂಡು ಮುಂದೆ ಹೋದ.

“ಬೆಳಕು ಹುಡುಕ್ಕೊಂಡು ನಿಲ್ಲೋ ಕಳ್ಳನ್ನ ಇವತ್ತೇ ನೋಡಿದ್ದು,” ಎಂದ ಹೆಡ್ ಕಾನ್‌ಸ್ಟೆಬಲ್.

ಇನ್‌ಸ್ಪೆಕ್ಟರ್ ಅಲ್ಲಿದ್ದ ಹನ್ನೊಂದು ಜನರನ್ನೂ ಒಬ್ಬೊಬ್ಬರಾಗಿ ಗೇಟಿನವರೆಗೆ ನಡೆಸಿದರು. ಹತ್ತು ಜನ ಟೇಪು ದಾಟಿ ಹೋದರು. ಹನ್ನೊಂದನೆಯವರು, ಅರ್ಧ ಗಡ್ಡದ ಅಜ್ಜನ ಪಾತ್ರಧಾರಿ, ಅದರ ಮೇಲೆ ನಿಂತು ಗದ್ದ ಎತ್ತಿದರು. ಆಮೇಲೆ ಬಗ್ಗಿ ತಮ್ಮ ಕಾಲ್ಬೆರಳು ನೋಡಿಕೊಂಡು ತಾವೇ ನಕ್ಕುಬಿಟ್ಟರು.

“ಹಾಳಾದ ಅಭ್ಯಾಸ ಸಾರ್. ನಡೀರಿ, ಮನೇಲಿದೆ.”

ಮಧ್ಯಾಹ್ನ ಮೂರಕ್ಕೆ ನಟನ ಮನೆಯಲ್ಲಿ ಜಪ್ತಿ ಪಂಚನಾಮೆ. ತೊಂಬತ್ತೊಂದು ವರ್ಷದ ತಾಯಿ ಅದೇ ಕೋಲೂರಿ ಮಂಚದಿಂದ ಟಿ.ವಿ.ಯತ್ತ ನಡೆಯುತ್ತಿದ್ದರು. ಇನ್‌ಸ್ಪೆಕ್ಟರನ್ನು ಅಡಿಯಿಂದ ಮುಡಿಯವರೆಗೆ ನೋಡಿದರು.

“ಡ್ರೆಸ್ಸು ಚೆನ್ನಾಗಿ ಒಪ್ಪುತ್ತಪ್ಪಾ. ನಡಿಗೆ ಮಾತ್ರ ಸಾಲದು. ನನ್ನ ಮಗನ್ನ ಕೇಳು, ಹೇಳ್ಕೊಡ್ತಾನೆ.”

ಹೆಡ್ ಕಾನ್‌ಸ್ಟೆಬಲ್ ಗೋಡೆಯ ಕಡೆ ತಿರುಗಿಕೊಂಡ. ಅವನ ಭುಜ ಕುಲುಕುತ್ತಿತ್ತು.

ನಟ ದನಿ ತಗ್ಗಿಸಿದರು. “ತೆರೆಮೇಲೆ ಇಪ್ಪತ್ತೆಂಟು ಸಲ ಸತ್ತಿದೀನಿ ಸಾರ್. ಪ್ರತಿಸಲ ಅಮ್ಮ ಊಟ ಬಿಟ್ಟಿದಾಳೆ. ಪಕ್ಕದಲ್ಲೇ ಕೂತು ತುತ್ತು ಕೊಟ್ರೆ, ‘ನೀನು ಸುಮ್ನಿರೋ, ನನ್ ಮಗ ಹೋಗಿದಾನೆ’ ಅಂತಾಳೆ. ಹೋದ ಸಲ ಆಸ್ಪತ್ರೆಗೆ ಸೇರಿಸ್ಬೇಕಾಯ್ತು. ಇನ್ನೊಂದು ಸಲ ತಡ್ಕೊಳಲ್ಲ ಅಂದಿದಾರೆ ಡಾಕ್ಟರು.”

“ಸಾಯಲ್ಲ ಅಂತ ಹೇಳ್ಬಹುದಿತ್ತಲ್ಲ?”

“ಹೇಳಿದೆ. ನಮ್ಮಂಥೋರ ಮಾತು ಯಾರು ಕೇಳ್ತಾರೆ? ಸಾಯಿ ಅಂದ್ರೆ ಸಾಯ್ಬೇಕು.”

ಮ್ಯಾನೇಜರ್ ಬಾಗಿಲಲ್ಲೇ ನಿಂತು ಎಲ್ಲ ಕೇಳಿಸಿಕೊಂಡಿದ್ದ. ಯಾರು ಯಾವಾಗ ಹೊರಡಬೇಕೆಂದು ಬರೆಯುವವನು ಮೇಲೊಬ್ಬನಿದ್ದಾನೆ, ಅವನನ್ನು ಕೈಮುಗಿದು ಕೇಳಿಕೊಳ್ಳಬಹುದು, ಅಷ್ಟೇ. ಧಾರಾವಾಹಿಯಲ್ಲಿ ಹಾಗೆ ಬರೆಯುವವನಿಗೆ ಫೋನ್ ಇರುತ್ತದೆ. ಮ್ಯಾನೇಜರ್ ಫೋನ್ ಮಾಡಿದ. ಹತ್ತು ನಿಮಿಷ ವಾದ ನಡೆಯಿತು. ಕೊನೆಗೆ ಅಜ್ಜ ಮೆಟ್ಟಿಲು ಹತ್ತಿ, ಪೆಟ್ಟಿಗೆ ಕಟ್ಟಿ, ದೊಡ್ಡ ಮಗಳ ಊರಿಗೆ ಹೋಗುವುದೆಂದು ತೀರ್ಮಾನವಾಯಿತು.

ನಾಲ್ಕೂ ಇಪ್ಪತ್ತಕ್ಕೆ ನಟನ ಬಂಧನವಾಯಿತು. ಐದಕ್ಕೆ ಠಾಣೆಯಲ್ಲೇ ಜಾಮೀನು. ಏಳೂವರೆಯ ಧಾರಾವಾಹಿಗೆ ಅವರು ತಾಯಿಯ ಪಕ್ಕದಲ್ಲಿದ್ದರು.

ಕೃತ್ಯದ ಉದ್ದೇಶ ಎಂಬ ಜಾಗದಲ್ಲಿ ಏನು ಬರೆಯಲಿ ಎಂದು ಹೆಡ್ ಕಾನ್‌ಸ್ಟೆಬಲ್ ಕೇಳಿದ. ಇನ್‌ಸ್ಪೆಕ್ಟರ್ ಒಂದು ಗಳಿಗೆ ತಡೆದರು.

“ಬರ್ಕೊಳ್ಳಿ. ತಾಯಿಯ ಕಣ್ಣೆದುರು ಇಪ್ಪತ್ತೊಂಬತ್ತನೇ ಸಲ ಸಾಯಲು ಮನಸ್ಸಾಗದೆ.”