ಮೇಲಿನ ಹಲಗೆ

ಇಂಡಿ ಪಟ್ಟಣದ ನಮ್ಮ ಮನೆಗೆ ಫ್ರಿಜ್ ಬಂದದ್ದು ತೊಂಬತ್ತಾರರಲ್ಲಿ. ಮೇಲಿನ ಹಲಗೆ ಅತ್ತೆಯ ಮಡಿ ಮೊಸರಿಗೆ ಮೀಸಲು. ಅನ್ನದ ಮುಸುರೆ ತಾಗಿದರೆ ಮಡಿ ಕೆಡುತ್ತಿತ್ತು; ಅನ್ನವನ್ನು ಅಲ್ಲಿಡುವಂತಿರಲಿಲ್ಲ. ಒಂದು ಬೆಳಿಗ್ಗೆ ಪಾಠ ಮಾಡಲು ಶಾಲೆಗೆ ಹೊರಡುವ ಗಡಿಬಿಡಿಯಲ್ಲಿ ಉಳಿದ ಅನ್ನವನ್ನು ಅಲ್ಲೇ ಇಟ್ಟುಬಿಟ್ಟೆ. ಮಧ್ಯಾಹ್ನ ಮನೆಗೆ ಬಂದು ಗುಟ್ಟಾಗಿ ತೆಗೆದೆ.

“ಸಂಪದಾ, ಮೊಸರಿಗೆ ಮುಸುರಿ ತಾಗಿಲ್ಲಲ್ಲ?” ಅತ್ತೆ ಕೇಳಿದರು.

“ಇಲ್ರಿ ಅತ್ಯಾರ.”

ನಂಬಿ ಉಂಡರು. ನಿಜ ಹೇಳಿದ್ದರೆ ಒಂದು ಹೊತ್ತು ಮೊಸರು ಬಿಡುತ್ತಿದ್ದರು, ಅಷ್ಟೇ.

ಆ ವಾರವೇ ತೀರಿಕೊಂಡರು. ಅಂದಿನಿಂದ ಕೆಳಗಿನ ಹಾಲು ಕೊರೆಯುತ್ತಿದ್ದರೂ ಮೇಲಿಟ್ಟ ಮೊಸರು ಬೆಚ್ಚಗಿರುತ್ತಿತ್ತು. ರಿಪೇರಿಯವನು ಒಳಗೆ ಕೈಯಿಟ್ಟು, “ಮಷೀನ್ ಬರೋಬ್ಬರಿ ಐತ್ರಿ ಬಾಯಾರ,” ಎಂದವನು ಕೈಯನ್ನು ಪ್ಯಾಂಟಿಗೆ ಒರೆಸಿಕೊಳ್ಳುತ್ತಲೇ ಹೋದ.

ಮೊನ್ನೆ ಹೊಸ ಫ್ರಿಜ್ ತಂದೆವು. ಅದರ ಬಾಗಿಲು ತೆರೆದು, “ಅತ್ಯಾರ, ಅವತ್ತ ತಾಗಿತ್ರಿ. ನಾ ಸುಳ್ಳ ಹೇಳಿದೆ,” ಎಂದೆ.

ಮೇಲಿನ ಹಲಗೆಯಲ್ಲಿ ಏನನ್ನೂ ಇಡಲಿಲ್ಲ. ಮರುದಿನ ಮುಟ್ಟಿ ನೋಡಿದರೆ ಹಲಗೆಯೆಲ್ಲ ತಣ್ಣಗಿತ್ತು. ಮೊಸರಿನ ಬಟ್ಟಲು ಕೂರುವಷ್ಟು ಜಾಗ ಮಾತ್ರ ಬೆಚ್ಚಗಿತ್ತು.