ಆಟಿ ತಿಂಗಳ ಮದುಮಗಳು

"ನನ್ನ ಅಣ್ಣನಿಗೆ ನಿಮ್ಮ ಅಕ್ಕನನ್ನು ಕೇಳ್ಲಿಕ್ಕೆ ಬಂದದ್ದು."

ಪ್ರಾಪ್ತಿ ಬೆಚ್ಚಿ ತಿರುಗಿದಳು. ಹೆಣ್ಣು ಕೇಳುವ ಜಾಗವೇ ಇದು? ಸುತ್ತಮುತ್ತ ಕೊಡಂಗಲ್ಲಿನ ಹಳೆಯ ಸಮಾಧಿಗಳು!

ಮೂಡುಬಿದಿರೆಯ ಕಾಲೇಜಿನಲ್ಲಿ ಇತಿಹಾಸ ಕಲಿಸುವ ಹುಡುಗಿ ಅವಳು. ಭಾನುವಾರ ಬಂತೆಂದರೆ ಪ್ರವಾಸಿಗರನ್ನು ಇಲ್ಲಿಗೆ ಕರೆತರುತ್ತಾಳೆ. ಅಂತಸ್ತಿನ ಮೇಲೆ ಅಂತಸ್ತಾಗಿ ಕಲ್ಲಿನ ಚಾವಣಿ ಹೊತ್ತ ಈ ಕೆಂಪು ಕಲ್ಲಿನ ಸಮಾಧಿಗಳು ಜೈನ ಗುರುಗಳವು, ಒಂದೆರಡರ ಮೇಲೆ ಮಾತ್ರ ಬರಹ ಉಂಟು, ಉಳಿದವರು ಯಾರೆಂದು ಹೇಳುವವರೇ ಇಲ್ಲ ಎಂದು ಈಗಷ್ಟೇ ವಿವರಿಸಿ ಎಲ್ಲರನ್ನೂ ಕಳಿಸಿದ್ದಳು.

"ಯಾರು ನೀವು?"

"ಭವಿತ್. ಬಂಟ್ವಾಳದಿಂದ. ನಿಮ್ಮ ಮನೆಗೆ ಹೋದೆ, ಬೀಗ ಉಂಟು. ಪಕ್ಕದ ಮನೆಯ ಶಮ್ನಾ ನೀವು ಇಲ್ಲಿ ಸಿಕ್ತೀರಿ ಅಂದ್ರು."

"ಅಪ್ಪ ಅಮ್ಮ ಮುಂಡಾಜೆಗೆ ಹೋಗಿದ್ದಾರೆ. ಆದ್ರೆ ನಿಮಗೆ ಮನೆ ತಪ್ಪಿದೆ. ನನಗೆ ಅಕ್ಕ ಇಲ್ಲ. ನಾನೊಬ್ಬಳೇ ಮಗಳು."

ಅವನ ಹುಬ್ಬು ಗಂಟಿಕ್ಕಿತು. "ಚಿನ್ನಯ್ಯನವರ ಮನೆ ಅಲ್ವಾ? ಅಮ್ಮ ಕುಸುಮ?"

"ಹೌದು..."

"ಮತ್ತೆ... ಅವರ ಮೊದಲ ಮಗು? ತೊಟ್ಟಿಲಲ್ಲೇ ತೀರಿಹೋದದ್ದು? ನನ್ನ ಅಣ್ಣನೂ ಹಾಗೇ ಹೋದದ್ದು. ಬೆಳ್ತಂಗಡಿಯ ನೆಂಟರು ನಿಮ್ಮ ಅಕ್ಕನ ವಿಷಯ ಹೇಳಿದ್ರು. ಈ ಆಟಿಯಲ್ಲಿ ಇಬ್ಬರಿಗೂ ಮದುವೆ ಮಾಡಿಸುವ ಅಂತ ನಮ್ಮ ಹಿರಿಯರು..."

ಪ್ರಾಪ್ತಿ ಒಂದು ಹೆಜ್ಜೆ ಹಿಂದೆ ಸರಿದಳು.

ಕುಲೆ ಮದುವೆಯೆಂದರೇನೆಂದು ತುಳುನಾಡಿನವಳಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಸತ್ತ ಮಕ್ಕಳು ಅಲ್ಲಿಯೂ ಬೆಳೆಯುತ್ತಾರೆ, ಪ್ರಾಯಕ್ಕೆ ಬರುತ್ತಾರೆ. ಬದುಕಿರುವವರು ಮದುವೆಯಾಗದ ಆಟಿ ತಿಂಗಳಲ್ಲಿ ಸತ್ತವರ ಮದುವೆ. ಹಿರಿಯರದ್ದು ಆಗದೆ ಕಿರಿಯರ ಮದುವೆ ಕೂಡಿಬರುವುದಿಲ್ಲ ಎಂಬ ನಂಬಿಕೆ. ಎಲ್ಲ ಗೊತ್ತು ಅವಳಿಗೆ. ಆದರೆ ಅಕ್ಕ?!

"ಸತ್ತವರ ಹೆಸರಲ್ಲಿ ತಮಾಷೆ ಮಾಡ್ಲಿಕ್ಕೆ ನಾಚಿಕೆ ಆಗುದಿಲ್ವಾ ನಿಮಗೆ?"

ಭವಿತ್‌ನ ಮುಖ ಬಿಳಿಚಿಕೊಂಡಿತು. "ದೇವರೇ... ನಿಮಗೆ ಗೊತ್ತೇ ಇರ್ಲಿಲ್ವಾ?"

ಆ ಮುಖದಲ್ಲಿ ತಮಾಷೆಯ ಸುಳಿವೂ ಇರಲಿಲ್ಲ. ಅವಳಿಗೆ ನಿಜವಾಗಿ ಭಯವಾದದ್ದು ಆಗಲೇ.

ಸಂಜೆ ಅಮ್ಮ ಮನೆಯ ಮೆಟ್ಟಿಲೇರುವ ಮೊದಲೇ ಪ್ರಾಪ್ತಿ ಕೇಳಿಬಿಟ್ಟಳು. "ಅಮ್ಮ, ನನಗೆ ಅಕ್ಕ ಇದ್ದಳಾ?"

ಕುಸುಮ ಅಲ್ಲೇ ಕುಸಿದು ಕೂತರು. ಚಿನ್ನಯ್ಯ ಗೋಡೆಯ ಕಡೆ ಮುಖ ತಿರುಗಿಸಿದರು. ಬೇರೆ ಉತ್ತರ ಬೇಕಾಗಲಿಲ್ಲ.

"ನಮಿತಾ ಅಂತ ಹೆಸರಿಟ್ಟಿದ್ದೆವು," ಎಂದರು ಅಮ್ಮ. "ನೀನು ಹುಟ್ಟಿದ ಮೇಲೆ ಆ ಹೆಸರು ಎತ್ತಿದ್ರೆ ನಿನ್ನನ್ನೂ ಕಳಕೊಳ್ತೇನೆ ಅಂತ ಹೆದರಿದೆ, ಮಗಾ. ಒಮ್ಮೆ ಮುಚ್ಚಿದ ಬಾಯಿ, ಮತ್ತೆ ತೆರೀಲಿಕ್ಕೇ ಆಗ್ಲಿಲ್ಲ."

"ಯಾರ್‍ಯಾರದೋ ಸಮಾಧಿಯ ಕಥೆ ಊರಿಗೆಲ್ಲ ಹೇಳ್ತೇನೆ ನಾನು! ನನ್ನ ಅಕ್ಕ ಎಲ್ಲಿ ಮಲಗಿದ್ದಾಳೆ ಅಂತ ನನಗೇ ಗೊತ್ತಿಲ್ಲ!"

ಅವಳು ಕೂಗಿದ್ದಕ್ಕೆ ಅಮ್ಮ ಅತ್ತರು. ಅಮ್ಮ ಅತ್ತದ್ದಕ್ಕೆ ಅವಳೂ ಅತ್ತಳು.

ಮುಂದಿನ ಭಾನುವಾರ ಭವಿತ್ ಮತ್ತೆ ಬಂದ, ಕ್ಷಮೆ ಕೇಳಲು. ಮದುವೆಯ ಸುದ್ದಿಯನ್ನೇ ಎತ್ತಲಿಲ್ಲ. ಆ ಒಂದು ಕಾರಣಕ್ಕೆ ಅವಳ ಸಿಟ್ಟು ಅರ್ಧ ಇಳಿಯಿತು.

"ಅಪ್ಪ ಇವತ್ತು ಅಕ್ಕನ ಜಾಗ ತೋರಿಸ್ತಾರೆ. ಬೆಳ್ತಂಗಡಿಯಲ್ಲಿ. ನೀವೂ ಬರ್ತೀರಾ?"

ಅವರು ಮೊದಲು ಬಾಡಿಗೆಗಿದ್ದ ಊರಿನ ಸ್ಮಶಾನ ಅದು. ದೊಡ್ಡವರನ್ನು ಸುಡುವ ಜಾಗದಿಂದ ಆಚೆ, ಮಕ್ಕಳನ್ನು ಹೂಳುವ ಮೂಲೆ. ಪೊದೆಯ ಅಡಿಯಲ್ಲಿ ಒಂದು ಕೆಂಪು ಕಲ್ಲು ತೋರಿಸಿ ಚಿನ್ನಯ್ಯ ಮುಖ ಮುಚ್ಚಿಕೊಂಡರು. ಭವಿತ್ ಚಪ್ಪಲಿ ಕಳಚಿಟ್ಟು ಬರಿಗೈಯಲ್ಲಿ ಮುಳ್ಳುಗಿಡ ಕಿತ್ತ. ಕೈಯಿಂದ ರಕ್ತ ಬಂದರೂ ನಿಲ್ಲಿಸಲಿಲ್ಲ. ಕಲ್ಲು ಸ್ವಚ್ಛವಾದ ಮೇಲೆ ಬಗ್ಗಿ ಕೈಮುಗಿದ.

"ನೀವೆಲ್ಲ ಒಪ್ಪಿದ್ರೆ ಇವರು ನನಗೆ ಅತ್ತಿಗೆ," ಎಂದ ಮೆಲ್ಲಗೆ.

ಪ್ರಾಪ್ತಿಯ ಮನಸ್ಸು ಜಾರಿದ್ದು ಅಲ್ಲಿ. ಸ್ಮಶಾನದಲ್ಲಿ ಪ್ರೀತಿ ಹುಟ್ಟುತ್ತದಾ ಎಂದು ಕೇಳಬೇಡಿ. ಹುಟ್ಟಿತು, ಅಷ್ಟೇ.

ಮನೆಯವರು ಒಪ್ಪಿದರು. ಬದುಕಿರುವವರ ಮದುವೆಯಂತೆಯೇ ಓಡಾಟ ಶುರುವಾಯಿತು. ಮದುಮಗಳ ಬದಲಿಗೆ ಮಣೆಯ ಮೇಲಿಡುವ ಸೀರೆಯ ಬಣ್ಣಕ್ಕೆ ಪ್ರಾಪ್ತಿ, ಭವಿತ್ ಇಬ್ಬರೂ ಬಂಟ್ವಾಳದ ಅಂಗಡಿಯಲ್ಲಿ ಜಗಳವಾಡಿದರು. ದಿನಾ ಫೋನು. ನೆಪ ಅಣ್ಣ ಅಕ್ಕನದ್ದು, ಮಾತು ತಮ್ಮದು! ಆದರೆ ಅವನ ಬಾಯಿಂದ ಆ ಒಂದು ಮಾತು ಮಾತ್ರ ಬರಲೇ ಇಲ್ಲ.

ಮದುವೆಯ ದಿನ ಭವಿತ್‌ನ ಮನೆಯಲ್ಲಿ, ಸೀರೆಯ ಹರಿವಾಣ ಹಿಡಿದು ನಿಂತವಳ ಬಳಿ ಅವನ ದೊಡ್ಡಮ್ಮ ಬಂದರು.

"ಇದೊಂದು ಮುಗಿದ್ರೆ ನಮ್ಮ ಭವಿತನ ದಾರಿ ಸಲೀಸು, ಮಗಳೇ. ದುಬೈಯಲ್ಲಿ ಹೋಟೆಲಿನವರ ಹುಡುಗಿ ಕಾಯ್ತಾ ಇದ್ದಾಳೆ."

ಪ್ರಾಪ್ತಿ ಹರಿವಾಣವನ್ನು ಎದೆಗೆ ಅವುಚಿಕೊಂಡಳು. *ಹಾಗಾದರೆ... ಎಲ್ಲ ಇದಕ್ಕೇನಾ? ಬೇರೆಯವಳನ್ನು ಕಟ್ಟಿಕೊಳ್ಳಲು ನನ್ನ ಅಕ್ಕ ಬೇಕಾಯಿತಾ?*

ಮದುಮಗಳ ಸೀರೆಯನ್ನು ತಂಗಿಯೇ ಮಣೆಯ ಮೇಲಿಡಬೇಕು. ಅವಳು ಕೊಡದಿದ್ದರೆ ಮದುವೆ ನಿಂತಂತೆಯೇ! ಹರಿವಾಣದೊಂದಿಗೆ ಹೊರನಡೆಯಲು ತಿರುಗಿದಳು.

ಬಾಗಿಲಲ್ಲಿ ಅಮ್ಮ ಕೂತಿದ್ದರು, ಮಡಿಲ ತುಂಬ ಮಲ್ಲಿಗೆ. ಪಕ್ಕದವರಿಗೆ ನಗುತ್ತಾ ಹೇಳುತ್ತಿದ್ದರು: "ನನ್ನ ದೊಡ್ಡ ಮಗಳಿಗೆ ಇಷ್ಟು ಸಾಕಾ? ಇನ್ನೊಂದು ಚೆಂಡು ಹೂ ಇರಲಿ."

ದೊಡ್ಡ ಮಗಳು! ಆ ಮಾತನ್ನು ಅಮ್ಮ ನಾಲ್ಕು ಜನರ ಮುಂದೆ ಆಡಿದ್ದು ಅದೇ ಮೊದಲು.

ಪ್ರಾಪ್ತಿ ತಿರುಗಿ ಬಂದಳು. ತುಟಿ ಕಚ್ಚಿಕೊಂಡು ಸೀರೆಯನ್ನು ಮಣೆಯ ಮೇಲಿಟ್ಟಳು. ಪಕ್ಕದ ಮಣೆಯಲ್ಲಿ ಅವನ ಅಣ್ಣನ ಪಂಚೆ, ಶಲ್ಯ. ಕರಿಮಣಿ ಇಟ್ಟರು, ಧಾರೆ ಎರೆದರು. ಅಮ್ಮನ ನಗು ನೋಡುತ್ತಾ ಅವಳು ತನ್ನ ಆಸೆಗೆ ಎಳ್ಳುನೀರು ಬಿಟ್ಟಳು.

ಊಟಕ್ಕೆ ಎಲೆ ಹಾಕುವ ಹೊತ್ತಿಗೆ ಭವಿತ್ ಅವಳನ್ನು ಹುಡುಕಿಕೊಂಡು ಬಾವಿಕಟ್ಟೆಯ ಬಳಿ ಬಂದ.

"ಯಾಕೆ ಅಳ್ತಿದ್ದೀ, ಪ್ರಾಪ್ತಿ?"

"ದಾರಿ ಸಲೀಸಾಯ್ತಲ್ಲ ನಿಮಗೆ! ಹೋಗಿ ದುಬೈಗೆ!"

"ಎಂತ ದುಬೈ?... ಓ, ದೊಡ್ಡಮ್ಮ ಹೇಳಿದ್ರಾ? ಆ ಸಂಬಂಧ ಬೇಡ ಅಂತ ಬೆಳ್ತಂಗಡಿಗೆ ಹೋಗಿ ಬಂದ ದಿನವೇ ಅಮ್ಮನಿಗೆ ಹೇಳಿಯಾಗಿದೆ. ದೊಡ್ಡಮ್ಮನಿಗೆ ಮಾತ್ರ ಇನ್ನೂ ಆಸೆ."

ಅವಳು ಕಣ್ಣರಳಿಸಿ ನೋಡಿದಳು. "ಮತ್ತೆ ನನ್ನ ಹತ್ರ ಒಂದು ಮಾತೂ ಯಾಕೆ ಹೇಳ್ಲಿಲ್ಲ?"

"ಅಣ್ಣನಿಗೆ ಆಗದೆ ತಮ್ಮ ಹೆಣ್ಣು ಕೇಳಬಾರದಲ್ಲ? ಅಮ್ಮನಿಗೆ ಮಾತು ಕೊಟ್ಟಿದ್ದೆ. ನಾಲಗೆಯ ತುದಿಗೆ ಬಂದದ್ದನ್ನು ಎಷ್ಟು ಸಲ ನುಂಗಿದ್ದೇನೆ ಗೊತ್ತುಂಟಾ?" ಅವನ ಕಣ್ಣೂ ತುಂಬಿತ್ತು. "ಈಗ ಅಣ್ಣ ಸಂಸಾರಸ್ಥ. ನನಗೆ ನೀನು ಬೇಕು, ಪ್ರಾಪ್ತಿ. ನನ್ನನ್ನು ಮದುವೆ ಆಗ್ತೀಯಾ?"

ಅಳುತ್ತಿದ್ದವಳಿಗೆ ನಗು ಬಂತು. ನಗುತ್ತಲೇ ಮತ್ತೆ ಅಳು. ತಾನಾಗಿಯೇ ಅವನ ಕೈ ಹಿಡಿದುಕೊಂಡಳು.

"ಆಟಿಯಲ್ಲಿ ಬದುಕಿರುವವರು ಹೆಣ್ಣು ಕೇಳ್ತಾರಾ, ಮಾರಾಯ?"

"ತಪ್ಪಾಯ್ತು! ಆಟಿ ಮುಗಿದು ಸೋಣ ತಿಂಗಳು ಬರಲಿ, ಆಗ ಕೇಳ್ತೇನೆ. ಏನು ಹೇಳ್ತೀ?"

"ಅದನ್ನೂ ಸೋಣದಲ್ಲೇ ಹೇಳ್ತೇನೆ."

"ಹಾಗಾದ್ರೆ ಅಲ್ಲಿವರೆಗೆ ಕೈ ಬಿಡು."

"ಕೈಗೆ ಆಟಿ ಇಲ್ಲ," ಎಂದಳು ಪ್ರಾಪ್ತಿ.